ಇಪ್ಪತ್ಮೂರನೆಯ ಚೀಟಿ

ಮೂರನೆಯ ಸಲ ಎಣಿಸಿದಾಗಲೂ ಚೀಟಿಗಳು ಮೂವತ್ತೇಳೇ ಇದ್ದವು.

ಪಿಎಸ್ಐ ಭಾನುಪ್ರಿಯಾ ಕಟ್ಟನ್ನು ತೊಡೆಯ ಮೇಲಿಟ್ಟುಕೊಂಡು ಮುತ್ತುಗದಕುಂಟೆ ಸರ್ಕಾರಿ ಪ್ರೌಢಶಾಲೆಯ ಅಡುಗೆಕೋಣೆಯ ಜಗಲಿಯಲ್ಲಿ ಕೂತಿದ್ದಳು. ಮುಖ್ಯ ಶಿಕ್ಷಕ ನಂದೀಶ್ ತಾಲ್ಲೂಕು ಕಚೇರಿಗೆ ಕಳಿಸಿದ ವರದಿಯಲ್ಲಿ ಮೂವತ್ತೆಂಟು ಎಂದಿತ್ತು. ಒಂಬತ್ತನೆಯ ತರಗತಿಯ ಹಾಜರಿ ಪುಸ್ತಕದಲ್ಲೂ ಸೋಮವಾರದ ಸಾಲಿನಲ್ಲಿ ಮೇಲಿನಿಂದ ಕೆಳಗಿನವರೆಗೆ ಮೂವತ್ತೆಂಟು ಗುರುತು. ಒಬ್ಬರೂ ತಪ್ಪಿಸಿಕೊಂಡಿರಲಿಲ್ಲ.

ಅದೇ ತರಗತಿಯ ಕೀರ್ತನಳ ಬ್ಯಾಗಿನಲ್ಲಿ ನಿನ್ನೆ, ಬುಧವಾರ, ಅಮಲಿನ ಮಾತ್ರೆಯ ಎರಡು ಪಟ್ಟಿ ಸಿಕ್ಕಿದ್ದವು. ನಾಳೆ ಹನ್ನೊಂದು ಗಂಟೆಗೆ ಆ ಮಗು ಬಾಲ ನ್ಯಾಯ ಮಂಡಳಿಯ ಮುಂದೆ ನಿಲ್ಲಬೇಕು.

ಸರ್ಕಾರದ ಸುತ್ತೋಲೆಯಲ್ಲಿ ತಪ್ಪೇನೂ ಇರಲಿಲ್ಲ. ಪ್ರತಿ ಪ್ರೌಢಶಾಲೆಗೂ ಬೀಗ ಹಾಕಿದ ಒಂದು ಪೆಟ್ಟಿಗೆ. ಪ್ರತಿ ಮಗುವಿಗೂ ಅಚ್ಚು ಹಾಕಿದ ಒಂದು ಚೀಟಿ. ಅದರಲ್ಲಿ ಹೆಸರಿಲ್ಲ, ಸಂಖ್ಯೆಯಿಲ್ಲ. ‘ಶಾಲೆಯ ಸುತ್ತಮುತ್ತ ಮಾದಕ ವಸ್ತು ಮಾರುವುದು ನಿಮಗೆ ಗೊತ್ತೇ?’ ಹೌದು ಅಥವಾ ಇಲ್ಲ ಎನ್ನುವುದಕ್ಕೆ ಒಂದು ಟಿಕ್. ಕೆಳಗೆ ಖಾಲಿ ಚೌಕ, ಅದರ ಮೇಲೆ ‘ಎಲ್ಲಿ?’ ಎಂಬ ಒಂದೇ ಪದ. ಪೆಟ್ಟಿಗೆಯ ಮೇಲೆ ಕೆಂಪು ಬಣ್ಣದಲ್ಲಿ ಬರೆಸಿದ್ದರು: ‘ನಿಮ್ಮ ಹೆಸರು ಯಾರಿಗೂ ತಿಳಿಯುವುದಿಲ್ಲ.’

ಆದರೆ ಶಾಲೆಯಲ್ಲಿ ಏನನ್ನೇ ಆಗಲಿ ಮಕ್ಕಳಿಂದ ತೆಗೆದುಕೊಳ್ಳುವುದಕ್ಕೆ ಒಂದೇ ದಾರಿ. ಕ್ಲಾಸ್ ಟೀಚರ್ ವಿಜಯ್ ಹಾಜರಿ ಪುಸ್ತಕ ತೆರೆದು, ಒಂದರಿಂದ ಒಬ್ಬೊಬ್ಬರನ್ನೇ ಕರೆದು, ನೋಟ್‌ಬುಕ್ ತೆಗೆದುಕೊಳ್ಳುವ ಹಾಗೆಯೇ ಚೀಟಿಗಳನ್ನೂ ತೆಗೆದುಕೊಂಡಿದ್ದ. ಮೂಲೆಗೆ ತೂತು ಹಾಕಿ ಟ್ಯಾಗ್ ದಾರದಲ್ಲಿ ಕಟ್ಟಿದ್ದ. ಕಟ್ಟು ದಪ್ಪವಾಗಿ ಪೆಟ್ಟಿಗೆಯ ಸೀಳಿನಲ್ಲಿ ಹಿಡಿಸಲಿಲ್ಲ. ಬೀಗ ತೆಗೆಸಿ, ಒಳಗಿಟ್ಟು, ಮತ್ತೆ ಬೀಗ ಹಾಕಿಸಿ ಫೋಟೋ ಹೊಡೆದಿದ್ದರು.

“ಎಲ್ಲಾ ಒಟ್ಟಿಗೆ ಪೆಟ್ಟಿಗೆ ಹತ್ರ ನುಗ್ಗಿದ್ರೆ ಗಲಾಟೆ ಆಗುತ್ತೆ ಮೇಡಂ,” ಎಂದಿದ್ದ ವಿಜಯ್ ಬೆಳಿಗ್ಗೆ ಠಾಣೆಯಲ್ಲಿ. “ಶೇಕಡಾ ನೂರು ಅಂತ ವರದಿ ಬೇರೆ ಕೇಳಿದ್ರು.”

ಇಂಥ ಕೆಲಸವನ್ನು ಕೆಟ್ಟ ಉದ್ದೇಶದಿಂದ ಮಾಡಿದ್ದರೆ ಅವನನ್ನು ಬಯ್ಯಬಹುದಿತ್ತು. ಅವನು ಅಚ್ಚುಕಟ್ಟಾಗಿ ಮಾಡಿದ್ದ.

ಮೂವತ್ತಾರು ಚೀಟಿಗಳಲ್ಲಿ ‘ಇಲ್ಲ’ ಎಂದಿತ್ತು. ಒಂದರಲ್ಲಿ ಮಾತ್ರ ‘ಹೌದು’. ಅದು ಮೇಲಿನಿಂದ ಇಪ್ಪತ್ಮೂರನೆಯದು. ಚೌಕದೊಳಗೆ ಒಂದಕ್ಷರವಿಲ್ಲ, ಪೆನ್ಸಿಲಿನ ಚಿತ್ರ ಮಾತ್ರ. ಒಂದು ಕಟ್ಟಡದ ಹಿಂಭಾಗ, ಕಂಬಿಯಿಲ್ಲದ ಕಲ್ಲು ಮೆಟ್ಟಿಲು, ಮೆಟ್ಟಿಲ ಕೊನೆಗೆ ಬಾಗಿಲು, ತಾರಸಿಯ ಮೇಲೆ ಕಪ್ಪು ನೀರಿನ ಟ್ಯಾಂಕು. ಬಾಗಿಲಿಗೊಂದು ಬಾಣದ ಗುರುತು. ಕೈಬರಹದಿಂದ ಗುರುತು ಸಿಕ್ಕೀತೆಂದು ಮುಂದಾಗಿಯೇ ಯೋಚಿಸಿದ ಮಗು ಅದು.

ಹಾಜರಿ ಪುಸ್ತಕದ ಇಪ್ಪತ್ಮೂರನೆಯ ಹೆಸರು ಕೀರ್ತನ.

ಇಲ್ಲಿಗೆ ಬಂದು ನಿಂತಿದ್ದಳು ಭಾನುಪ್ರಿಯಾ. ಯಾರೋ ಕಟ್ಟು ಬಿಚ್ಚಿ ನೋಡಿದರು, ಹೇಳಿದ ಮಗು ಯಾರೆಂದು ಪುಸ್ತಕದಲ್ಲಿ ಹುಡುಕಿದರು, ಅವಳ ಬ್ಯಾಗಿಗೆ ಮಾತ್ರೆ ಹಾಕಿದರು. ಅಷ್ಟು ನೇರ. ಮೊದಲ ಇಪ್ಪತ್ಮೂರು ಚೀಟಿಗಳ ಮೂಲೆ ಹೆಬ್ಬೆರಳಿನ ಒತ್ತಿಗೆ ಮೇಲಕ್ಕೆ ಮಡಿಚಿಕೊಂಡಿತ್ತು. ಮಿಕ್ಕ ಹದಿನಾಲ್ಕು ಅಂಗಡಿಯಿಂದ ತಂದಂತೆ ಚಪ್ಪಟೆ. ಮುಟ್ಟುವ ಮೊದಲೇ ಅದನ್ನು ಗಮನಿಸಿ ಫೋಟೋ ತೆಗೆದಿದ್ದಳು. ಎಣಿಸಿದವರು ಇಪ್ಪತ್ಮೂರಕ್ಕೆ ನಿಲ್ಲಿಸಿದ್ದರು.

ನೇರವಾಗಿರದಿದ್ದದ್ದು ಒಂದೇ. ಕೀರ್ತನ ನಿನ್ನೆಯಿಂದ ಒಂದೇ ಮಾತು ಹೇಳುತ್ತಿದ್ದಳು. ‘ನಾನು ಇಲ್ಲಕ್ಕೆ ಟಿಕ್ ಹಾಕ್ದೆ ಆಂಟಿ. ನಂಗೆ ಚಿತ್ರ ಬರಿಯೋಕೇ ಬರಲ್ಲ.’

“ಮೇಡಮ್ಮಾ, ಈ ಬೀಗದ ಕೈ ಯಾರ ಕೈಲಿ ಕೊಡ್ಲಿ?”

ಕೀರ್ತನಳ ತಾಯಿ ಮುನಿಲಕ್ಷ್ಮಮ್ಮ ಬಂದು ನಿಂತಿದ್ದಳು. ಹನ್ನೊಂದು ವರ್ಷದಿಂದ ಈ ಶಾಲೆಯ ಬಿಸಿಯೂಟ ಬೇಯಿಸಿದ ಹೆಂಗಸು. ಸೆರಗಿನ ತುದಿಗೆ ಕಟ್ಟಿದ್ದ ಕೀಲಿಯನ್ನು ಬಿಚ್ಚಲು ಹೋಗಿ ಗಂಟು ಇನ್ನಷ್ಟು ಬಿಗಿದಿತ್ತು.

“ಯಾರು ಕೇಳಿದ್ರು?”

“ಅಧ್ಯಕ್ಷರು. ಮಾತ್ರೆ ತಿನ್ನೋಳ ತಾಯಿ ಕೈಯಲ್ಲಿ ಮಕ್ಕಳು ಉಣ್ಣಬಾರ್ದಂತೆ.” ಗಂಟನ್ನು ಹಲ್ಲಿನಿಂದ ಎಳೆದಳು. “ನೆನ್ನೆ ಗಂಟ ಉಂಡ್ರಲ್ಲ, ಅವ್ರಿಗೇನಾದ್ರೂ ಆಗೈತಾ ಅಂತ ಕೇಳ್ದೆ. ಹೋಗಮ್ಮಾ ಅಂದ್ರು.”

ಶಾಲಾಭಿವೃದ್ಧಿ ಸಮಿತಿಯ ಅಧ್ಯಕ್ಷ ಗಂಗಣ್ಣ ಊರಿನಲ್ಲಿ ಹನ್ನೆರಡು ಮಗ್ಗಗಳ ಯಜಮಾನ. ಬಸ್ ನಿಲ್ದಾಣದ ಮೆಡಿಕಲ್ ಸ್ಟೋರ್ ಇರುವ ಕಟ್ಟಡ ಅವನದು. ಅಂಗಡಿಯ ಪರವಾನಗಿ ಮಾತ್ರ ಭಾವಮೈದ ಬೈರೇಶನ ಹೆಸರಿನಲ್ಲಿತ್ತು. ಇಡೀ ಪಾಳಿ ನಿಂತು ಮಗ್ಗ ನಡೆಸುವವರಿಗೆ ನೋವಿನ ಮಾತ್ರೆ ಅಲ್ಲಿಂದಲೇ ಬರುತ್ತಿತ್ತು. ಅದೇ ಮಾತ್ರೆ ನೋವಿಲ್ಲದವರಿಗೂ ಸಿಗತೊಡಗಿ ಒಂದು ವರ್ಷವಾಗಿತ್ತು. ಊರಿಗೆಲ್ಲ ಗೊತ್ತು, ಹೇಳುವವರಿಲ್ಲ.

“ಕೂತ್ಕೊಳ್ಳಿ ಮುನಿಲಕ್ಷ್ಮಮ್ಮ.”

“ಕೂತ್ರೆ ಏಳೋಕಾಗಲ್ಲ. ಅದೇನ್ ಎಣಿಸ್ತಾನೇ ಇದ್ದೀರಾ ಆವಾಗ್ಲಿಂದ?”

“ಸೋಮವಾರದ ಚೀಟಿ. ಒಂದು ಕಮ್ಮಿ ಇದೆ.”

“ಕಮ್ಮಿ ಹೆಂಗಾಯ್ತದೆ?” ಮುನಿಲಕ್ಷ್ಮಮ್ಮ ಹತ್ತಿರ ಬಂದು ಕಟ್ಟು ನೋಡಿದಳು. “ಎಷ್ಟೈತೆ?”

“ಮೂವತ್ತೇಳು.”

“ಸರಿಯಾಗೈತಲ್ಲ. ಒಂಬತ್ತನೇ ಕ್ಲಾಸಲ್ಲಿ ಆವತ್ತು ಇದ್ದಿದ್ದೇ ಮೂವತ್ತೇಳು.”

ಭಾನುಪ್ರಿಯಾ ತಲೆಯೆತ್ತಿದಳು. “ಹಾಜರಿಯಲ್ಲಿ ಮೂವತ್ತೆಂಟಿದೆ.”

“ಹಾಜರಿ ಪುಸ್ತಕ ಉಣ್ತದಾ ಮೇಡಮ್ಮಾ? ನಾನು ಬಡಿಸಿದ್ದು ಹೇಳ್ತೀನಿ. ಮೊಟ್ಟೆ ಮೂವತ್ತೊಂದು, ಮೊಟ್ಟೆ ತಿನ್ನದವ್ರಿಗೆ ಬಾಳೆಹಣ್ಣು ಆರು. ಒಂದು ಮೊಟ್ಟೆ ಉಳ್ಕೊಂತು. ಅಂಜನ್‌ದು. ಅವನ ತಮ್ಮಂಗೆ ಮುಡಿ ತೆಗ್ಸೋಕೆ ಮನೆಯೋರೆಲ್ಲಾ ಘಾಟಿ ದೇವಸ್ಥಾನಕ್ಕೆ ಹೋಗಿದ್ರು.”

“ಮತ್ತೆ ಪುಸ್ತಕದಲ್ಲಿ?”

“ಆವತ್ತು ಶೇಕಡಾ ನೂರು ಬೇಕಿತ್ತಂತೆ. ನನ್ನ ಅಡುಗೆ ಬುಕ್ಕಲ್ಲೂ ಮೂವತ್ತೆಂಟು ಅಂತ ಬರೆಸ್ಕೊಂಡ್ರು.” ಸ್ವಲ್ಪ ತಡೆದು ಸೇರಿಸಿದಳು: “ಉಳಿದಿದ್ದ ಮೊಟ್ಟೆ ನಾನೇ ತಿಂದೆ. ಅದಕ್ಕೂ ಒಂದು ಕೇಸ್ ಹಾಕ್ಬಿಡಿ, ಜೊತೆಗೇ ಹೋಗ್ಲಿ.”

ಭಾನುಪ್ರಿಯಾ ನಗಲಿಲ್ಲ. ಹಾಜರಿ ಪುಸ್ತಕವನ್ನು ಎಳೆದುಕೊಂಡಳು. ಅಂಜನ್‌ನ ಸಂಖ್ಯೆ ಒಂಬತ್ತು.

ಒಂಬತ್ತನೆಯವನು ಚೀಟಿ ಕೊಟ್ಟೇ ಇರಲಿಲ್ಲ. ಹಾಗಾದರೆ ಕಟ್ಟಿನ ಒಂಬತ್ತನೆಯ ಚೀಟಿ ಹತ್ತನೆಯ ಮಗುವಿನದು. ಹತ್ತನೆಯ ಚೀಟಿ ಹನ್ನೊಂದನೆಯ ಮಗುವಿನದು. ಅಲ್ಲಿಂದ ಕೊನೆಯವರೆಗೂ ಒಂದೊಂದು ಮುಂದೆ.

ಇಪ್ಪತ್ಮೂರನೆಯ ಚೀಟಿ ಕೀರ್ತನಳದಲ್ಲ. ಇಪ್ಪತ್ನಾಲ್ಕನೆಯ ಮಗುವಿನದು.

ಅವಳ ಬೆರಳು ಒಂದು ಸಾಲು ಕೆಳಗೆ ಇಳಿಯಿತು. ಜ್ಯೋತಿಲಕ್ಷ್ಮಿ. ತಂದೆ: ಗಂಗಣ್ಣ.

ಬೆಳಿಗ್ಗೆ ಮೆಡಿಕಲ್ ಸ್ಟೋರಿನ ಸುತ್ತ ತಿರುಗಿ ನೋಡಿದಾಗ ಅವಳನ್ನು ಕಾಡಿದ ಒಂದು ಸಂಗತಿಗೆ ಈಗ ಉತ್ತರ ಸಿಕ್ಕಿತು. ಆ ಕಲ್ಲು ಮೆಟ್ಟಿಲು ರಸ್ತೆಯಿಂದ ಕಾಣುತ್ತಿರಲಿಲ್ಲ, ಓಣಿಯಿಂದಲೂ ಕಾಣುತ್ತಿರಲಿಲ್ಲ. ಹಿಂದಿನ ಮನೆಯ ತಾರಸಿಯಿಂದ ಮಾತ್ರ ಕಾಣುತ್ತಿತ್ತು. ಹಿಂದಿನ ಮನೆ ಗಂಗಣ್ಣನದು.

ಪೆಟ್ಟಿಗೆಯನ್ನು ನಂಬಿದ ಒಂದೇ ಒಂದು ಮಗು. ಅದು ತನ್ನ ಅಪ್ಪನ ಬಗ್ಗೆ ಹೇಳಿತ್ತು.

“ನನ್ನ ಮಗೀದಲ್ಲ ಅಲ್ವಾ?” ಮುನಿಲಕ್ಷ್ಮಮ್ಮ ಅವಳ ಮುಖವನ್ನೇ ನೋಡುತ್ತಿದ್ದಳು. ಲೆಕ್ಕ ಅರ್ಥವಾಗದಿದ್ದರೂ ಮುಖ ಅರ್ಥವಾಗಿತ್ತು. “ಬೇರೆ ಯಾರ್ದೋ. ಯಾರ್ದು?”

ಭಾನುಪ್ರಿಯಾ ಪುಸ್ತಕ ಮುಚ್ಚಿದಳು. “ಈಗ ಹೇಳೋಕಾಗಲ್ಲ.”

“ಯಾಕಾಗಲ್ಲ?”

“ಹೇಳಿದ್ರೆ ಆ ಮಗುಗೂ ತೊಂದರೆ.”

ಮುನಿಲಕ್ಷ್ಮಮ್ಮ ಮತ್ತೆ ಗಂಟಿಗೆ ಕೈಹಾಕಿದಳು. ಗಂಟು ಕೊನೆಗೂ ಬಿಚ್ಚಿತು. ಕೀಲಿಯನ್ನು ಜಗಲಿಯ ಮೇಲೆ, ಚೀಟಿಯ ಕಟ್ಟಿನ ಪಕ್ಕದಲ್ಲಿ ಇಟ್ಟಳು.

“ನನ್ನ ಮಗಳ ಹೆಸ್ರು ಮೈಕಲ್ಲಿ ಹೇಳಿದ್ರು ಮೇಡಮ್ಮಾ. ಪ್ರಾರ್ಥನೆ ಮುಗಿದ ಮೇಲೆ, ಎಲ್ರೂ ಸಾಲಾಗಿ ನಿಂತಿರೋವಾಗ. ಅವ್ಳು ನೆನ್ನೆಯಿಂದ ಒಂದು ತುತ್ತು ಇಳ್ಸಿಲ್ಲ. ಆವಾಗ ತೊಂದರೆ ಅಂತ ಯಾರ ಬಾಯಲ್ಲೂ ಬರ್ಲಿಲ್ಲ.” ಸೆರಗು ಸರಿಮಾಡಿಕೊಂಡಳು. “ಕೂಲಿಯೋರ ಮಗು ಅಂದ್ರೆ ಮೈಕು. ಬೇರೆಯೋರ ಮಗು ಅಂದ್ರೆ ಗುಟ್ಟು. ಆಗ್ಲಿ. ನಾಳೆ ಅಲ್ಲಿ ಸಿಕ್ತೀನಿ.”

ಉತ್ತರ ಕೊಡಬಹುದಾಗಿತ್ತು. ಮಾದಕ ವಸ್ತುವಿನ ಕುರಿತು ಶಾಲೆಗಳಲ್ಲಿ ಭಾಷಣ ಮಾಡಲು ಠಾಣೆಯಿಂದ ಭಾನುಪ್ರಿಯಾಳನ್ನೇ ಕಳಿಸುತ್ತಿದ್ದರು. ಕಳೆದ ತಿಂಗಳು ಇದೇ ಅಂಗಳದಲ್ಲಿ ನಿಂತು, ಹೇಳಿ ಮಕ್ಕಳೇ, ಹೆದರಬೇಡಿ, ನಿಮ್ಮ ಹೆಸರು ನಮ್ಮಲ್ಲೇ ಇರುತ್ತದೆ ಎಂದವಳು ಅವಳೇ. ಹಾಗಾಗಿ ಉತ್ತರ ಕೊಡಲಿಲ್ಲ.

ಕೀರ್ತನಳನ್ನು ಬಿಡಿಸಬೇಕಾದರೆ ನಾಳೆ ಮಂಡಳಿಯ ಮುಂದೆ ಹೇಳಬೇಕು: ಹೇಳಿದ ಮಗುವಿನ ಮೇಲೆ ಸೇಡು ತೀರಿಸಿಕೊಳ್ಳಲು ಹೋಗಿ ಲೆಕ್ಕ ತಪ್ಪಿ ಈ ಮಗುವನ್ನು ಹಿಡಿದರು ಎಂದು. ಮುಂದಿನ ಪ್ರಶ್ನೆ ತಪ್ಪದೆ ಬರುತ್ತದೆ. ಹಾಗಾದರೆ ಹೇಳಿದ ಮಗು ಯಾವುದು?

ಆ ಮಗು ಸಂಜೆ ಹೋಗಬೇಕಾದದ್ದು ಗಂಗಣ್ಣನ ಮನೆಗೆ.

ಇನ್ನೊಂದು ದಾರಿಯಿತ್ತು. ಲೆಕ್ಕ ತಪ್ಪಿದವನು ಯಾರೆಂದು ಬೇರೆ ರೀತಿಯಲ್ಲಿ ತೋರಿಸಬೇಕು. ಅಂಜನ್ ಬಂದಿರಲಿಲ್ಲವೆಂದು ವಿಜಯ್‌ಗೆ ಗೊತ್ತು. ಅವನು ಎಣಿಸಿದ್ದರೆ ತಪ್ಪುತ್ತಿರಲಿಲ್ಲ. ತಪ್ಪಿದವನು ತರಗತಿಯನ್ನು ನೋಡದೆ ಪುಸ್ತಕವನ್ನಷ್ಟೇ ನಂಬಿದವನು. ಪೆಟ್ಟಿಗೆಯ ಕೀಲಿ ಇದ್ದದ್ದು ಇಬ್ಬರ ಬಳಿ, ನಂದೀಶ್ ಮತ್ತು ಗಂಗಣ್ಣ.

ನಂದೀಶ್‌ಗೆ ಆ ಗೈರುಹಾಜರಿ ಗೊತ್ತಿತ್ತೇ? ಇಷ್ಟು ತಿಳಿದರೆ ಸಾಕಿತ್ತು. ಅದನ್ನು ಅವನೊಬ್ಬನೇ ಇರುವಾಗ ಕೇಳಬೇಕಿತ್ತು.

ಅವನೊಬ್ಬನೇ ಇರಲಿಲ್ಲ.

ಮುಖ್ಯ ಶಿಕ್ಷಕರ ಕೋಣೆಯಲ್ಲಿ ಗಂಗಣ್ಣ ಕುರ್ಚಿಯಲ್ಲಿ ಕೂತಿದ್ದ, ನಂದೀಶ್ ನಿಂತಿದ್ದ. ಮೇಜಿನ ಮೇಲೆ ಶನಿವಾರದ ಸಮಾರಂಭದ ಬ್ಯಾನರ್ ಹಾಸಿತ್ತು. ‘ಮಾದಕ ಮುಕ್ತ ಶಾಲೆ’ ಎಂಬ ಪ್ರಮಾಣಪತ್ರ ಕೊಡಲು ಅಧಿಕಾರಿಗಳು ಬರುವವರಿದ್ದರು. ಬ್ಯಾನರಿನ ಎಡಬದಿಗೆ ಗಂಗಣ್ಣನ ಫೋಟೋ ಇತ್ತು, ಕೈಮುಗಿದುಕೊಂಡು.

“ಬನ್ನಿ ಮೇಡಮ್ನೋರೇ. ಊಟ ಆಯ್ತಾ? ಹೊಸ ಅಡುಗೆಯೋಳನ್ನ ಹಾಕಿದೀವಿ. ಸಾರು ಚೆನ್ನಾಗೈತೆ.”

“ಆಯ್ತು.” ಭಾನುಪ್ರಿಯಾ ಕೂತು, ಹಾಜರಿ ಪುಸ್ತಕವನ್ನೂ ಕಟ್ಟನ್ನೂ ಮೇಜಿನ ಮೇಲಿಟ್ಟು, ಟಿಪ್ಪಣಿ ಪುಸ್ತಕ ತೆರೆದಳು. “ನಿನ್ನೆ ಬ್ಯಾಗ್ ತಪಾಸಣೆ ಮಾಡ್ಸಿದ್ದು ಯಾರು?”

“ಸುತ್ತೋಲೆಯಲ್ಲೇ ಐತಲ್ಲ.”

“ಸುತ್ತೋಲೆಯಲ್ಲಿ ಎಲ್ಲರ ಬ್ಯಾಗೂ ಅಂತ ಇದೆ.”

“ಎಲ್ಲರದೂ ನೋಡೋಣ ಅಂತಲೇ ಹೊರಟಿದ್ದು. ಮೊದಲನೇ ಬ್ಯಾಗಲ್ಲೇ ಸಿಕ್ಬಿಡ್ತು. ಇನ್ನೇನ್ ನೋಡೋದು?”

“ಕೀರ್ತನ ಮೊದಲನೇ ಬೆಂಚಲ್ಲ. ನಾಲ್ಕನೇದು, ಗೋಡೆ ಕಡೆ. ಮುಂದಿನ ಬೆಂಚೆಲ್ಲ ಬಿಟ್ಟು ಅಲ್ಲಿಗೆ ಯಾಕೆ ಹೋದ್ರಿ?”

“ಮುಖ ನೋಡಿದ್ರೆ ಗೊತ್ತಾಗ್ತದಲ್ವಾ?”

“ಯಾರಿಗೆ ಗೊತ್ತಾಯ್ತು? ನಿಮಗಾ, ಮೇಷ್ಟ್ರಿಗಾ?”

ನಂದೀಶ್ ಫ್ಯಾನಿನ ಕಡೆ ನೋಡಿದ. ಅದು ತಿರುಗುತ್ತಿರಲಿಲ್ಲ.

“ಇಬ್ರಿಗೂ ಅಂತಿಟ್ಕೊಳ್ಳಿ,” ಎಂದ ಗಂಗಣ್ಣ. “ಅಪರಾಧ ಹಿಡಿದುಕೊಟ್ಟೋರನ್ನೇ ಕೂರಿಸ್ಕೊಂಡು ಕೇಳೋ ಠಾಣೆ ಇದೊಂದೇ ಇರ್ಬೇಕು. ಯಾವೂರು ತಾಯಿ ನಿಮ್ದು?”

“ಚೀಟಿ ಯಾರು ಓದಿದ್ರು?”

“ಯಾರೂ ಓದಿಲ್ಲ. ಪೆಟ್ಟಿಗೆಗೆ ಹಾಕಿದ್ವಿ, ಬೀಗ ಹಾಕಿದ್ವಿ.”

“ಇಪ್ಪತ್ಮೂರರ ತನಕ ಯಾರೋ ಓದಿದಾರೆ.” ಕಟ್ಟನ್ನು ಅವನ ಕಡೆಗೆ ತಿರುಗಿಸಿದಳು. “ಮೂಲೆ ನೋಡಿ. ಇಲ್ಲಿಗೆ ನಿಲ್ಲುತ್ತೆ.”

ಗಂಗಣ್ಣ ನೋಡಿದ. ಮುಟ್ಟಲಿಲ್ಲ. ಹೊರಗೆ ಎಲ್ಲೋ ಒಂದು ಮಗ್ಗ ನಿಂತು ಮತ್ತೆ ಶುರುವಾಯಿತು.

“ನಾನು ಒಂದ್ಸಲ ನೋಡಿದೆ,” ಎಂದ. “ಅಧ್ಯಕ್ಷ ಆದೋನು ನೋಡಬಾರ್ದಾ?”

“ಈಗ ಯಾರೂ ಓದಿಲ್ಲ ಅಂದ್ರಿ.”

“ಓದೋದು ಬೇರೆ, ಹಂಗೇ ಕಣ್ಣಾಡಿಸೋದು ಬೇರೆ.”

“ಸೋಮವಾರ ಕಣ್ಣಾಡಿಸಿದ್ರಿ. ಮಂಗಳವಾರ ಮೆಡಿಕಲ್ ಮೇಲಿನ ರೂಮಿಗೆ ಸುಣ್ಣ ಹೊಡೆಸಿದ್ರಿ. ಒಳಗೆ ಒಂದು ಮಾತ್ರೆ ಡಬ್ಬನೂ ಇಲ್ಲ, ಇನ್ನೂ ಹಸಿ ವಾಸನೆ ಇದೆ.”

“ಹಬ್ಬ ಬರ್ತಾ ಐತೆ.”

“ಯಾವ ಹಬ್ಬ?”

ಗಂಗಣ್ಣ ಬ್ಯಾನರಿನ ಒಂದು ಸುಕ್ಕನ್ನು ಅಂಗೈಯಿಂದ ಸರಿಮಾಡಿದ. ಅವನ ಮುಖದಲ್ಲಿ ನಗು ಹಾಗೆಯೇ ಇತ್ತು, ಆದರೆ ಸ್ವರ ಸ್ವಲ್ಪ ತಗ್ಗಿತು.

“ನೋಡಿ ಮೇಡಂ, ಆ ಹೆಂಗಸು ಅತ್ತುಕೊಂಡು ಬಂದಿರ್ತಾಳೆ, ನಿಮ್ಮ ಮನಸ್ಸು ಕರಗಿರ್ತದೆ. ನೀವೂ ಹೆಣ್ಮಗಳು. ಆದ್ರೆ ಬ್ಯಾಗಲ್ಲಿ ಸಿಕ್ಕಿದ್ದು ಸಿಕ್ಕಿದ್ದೇ. ನಿಮ್ಗೆ ಸಾಕ್ಷಿ ಬೇಕು, ಅಷ್ಟೇ ತಾನೇ? ನಾನೇ ಕೊಡ್ತೀನಿ. ನನ್ನ ಮಗಳೂ ಅದೇ ಕ್ಲಾಸು. ಅವಳನ್ನ ಕೇಳಿ.”

ಭಾನುಪ್ರಿಯಾಳ ಪೆನ್ನು ನಿಂತಿತು.

“ಬೇಡ,” ಎಂದಳು. “ಮಕ್ಕಳ ಹೇಳಿಕೆ ಇಲ್ಲಿ ಹೀಗೆ ತಗೊಳ್ಳೋಕೆ ಬರಲ್ಲ.”

“ತಂದೆ ಎದುರಿಗೆ ತಗೋಬಹುದು ಅಂತ ನೀವೇ ಭಾಷಣದಲ್ಲಿ ಹೇಳಿದ್ರಿ. ತಂದೆ ಇಲ್ಲೇ ಇದೀನಿ.” ಬಾಗಿಲ ಕಡೆ ತಿರುಗಿ ಕೂಗಿದ. “ಬಾಮ್ಮಾ ಜ್ಯೋತಿ, ಒಳಗೆ ಬಾ.”

ಅವಳನ್ನು ಮೊದಲೇ ಕರೆಸಿ ವರಾಂಡದಲ್ಲಿ ನಿಲ್ಲಿಸಿದ್ದ. ತನ್ನ ಎಲ್ಲ ಪ್ರಶ್ನೆಗಳನ್ನೂ ಆ ಹುಡುಗಿ ಬಾಗಿಲಾಚೆ ನಿಂತು ಕೇಳಿಸಿಕೊಂಡಿದ್ದಾಳೆ ಎಂಬುದು ಭಾನುಪ್ರಿಯಾಳಿಗೆ ಆಗ ತಿಳಿಯಿತು.

ಜ್ಯೋತಿಲಕ್ಷ್ಮಿ ಒಳಗೆ ಬಂದಳು. ವಯಸ್ಸಿಗಿಂತ ಎತ್ತರ, ತೆಳ್ಳಗೆ. ಎರಡು ಜಡೆ ಮಡಿಚಿ ಕಟ್ಟಿದ ರಿಬ್ಬನ್. ಒಂದು ಕಾಲುಚೀಲ ಜಾರಿ ಹಿಮ್ಮಡಿಗೆ ಇಳಿದಿತ್ತು. ಮೇಜಿನ ಮೇಲಿನ ಕಟ್ಟನ್ನು ಒಂದು ಕ್ಷಣ ನೋಡಿ ಕಣ್ಣು ತೆಗೆದಳು.

“ಹೇಳಮ್ಮಾ, ಹೆದರ್ಕೋಬೇಡ. ಅಪ್ಪ ಇದೀನಿ.”

“ಏನ್ ಹೇಳ್ಬೇಕಪ್ಪಾ?”

“ರಾತ್ರಿ ಮಾತಾಡ್ಕೊಂಡ್ವಲ್ಲ, ಅದೇ. ಕೀರ್ತನ ವಿಷಯ.”

ಹುಡುಗಿ ನೆಲ ನೋಡಿದಳು. ಪಾಠ ಒಪ್ಪಿಸುವ ಸ್ವರದಲ್ಲಿ ಹೇಳಿದಳು: “ಕೀರ್ತನ ಮಾತ್ರೆ ತಿಂತಿದ್ಲು ಮೇಡಂ. ನಾನು ನೋಡಿದೀನಿ.”

ಸುಳ್ಳು. ಅದು ಸುಳ್ಳೆಂದು ಆ ಕೋಣೆಯಲ್ಲಿ ಎಲ್ಲರಿಗಿಂತ ಹೆಚ್ಚು ಗೊತ್ತಿದ್ದವಳು ಅವಳೇ. ಕೀರ್ತನಳ ಮೇಲೆ ಬಿದ್ದದ್ದು ತನ್ನ ಮೇಲೆ ಬೀಳಬೇಕಾದದ್ದೆಂದೂ ಅವಳಿಗೆ ಗೊತ್ತಿರಲೇಬೇಕು. ಭಾನುಪ್ರಿಯಾಳಿಗೆ ಸಿಟ್ಟು ಬಂತು. ಯಾರ ಮೇಲೆಂದು ತಿಳಿಯದೆ ಟಿಪ್ಪಣಿ ಪುಸ್ತಕದಲ್ಲಿ ತಾರೀಖು ಬರೆದಳು.

“ಬರ್ಕೊಳ್ಳಿ ಮೇಡಂ,” ಎಂದ ಗಂಗಣ್ಣ. “ಯಾರ ಹತ್ರ ತಗೊಳ್ತಿದ್ಲು ಅಂತಾನೂ ಹೇಳ್ಬಿಡು ಮಗ. ಮೆಡಿಕಲ್ಲು ಗಿಡಿಕಲ್ಲು ಅಂತ ಸುಮ್ನೆ ಸುತ್ತಾಡ್ತಾವ್ರೆ ಇವ್ರು.”

ಜ್ಯೋತಿಲಕ್ಷ್ಮಿ ಬಗ್ಗಿ ಜಾರಿದ ಕಾಲುಚೀಲವನ್ನು ಮೇಲೆಳೆದುಕೊಂಡಳು. ಈ ಪ್ರಶ್ನೆಗೆ ಮನೆಯಲ್ಲಿ ಉತ್ತರ ಕಲಿಸಿರಲಿಲ್ಲ ಎನ್ನುವುದು ಕಾಣುತ್ತಿತ್ತು.

“ಅಂಜನ್ ತಂದ್ಕೊಟ್ಟ,” ಎಂದಳು.

“ಯಾವತ್ತು?” ಭಾನುಪ್ರಿಯಾ ಕೇಳಿದಳು. ತನ್ನ ಸ್ವರ ತನಗೇ ದೂರದಿಂದ ಕೇಳಿದಂತಾಯಿತು.

“ಸೋಮವಾರ. ಊಟದ ಬೆಲ್ ಹೊಡೆದ ಮೇಲೆ. ಸ್ಕೂಲಲ್ಲೇ.”

ಈಗ ಹುಡುಗಿ ಮೊದಲ ಸಲ ಭಾನುಪ್ರಿಯಾಳ ಕಣ್ಣು ನೋಡಿದಳು.

ಸೋಮವಾರ ಅಂಜನ್ ಬಂದಿರಲಿಲ್ಲ. ಇಡೀ ತರಗತಿಗೆ ಗೊತ್ತಿದ್ದ ವಿಷಯ. ಒಂಬತ್ತನ್ನು ಬಿಟ್ಟು ಹತ್ತನ್ನು ಕರೆದದ್ದನ್ನು ಈ ಹುಡುಗಿ ಕಿವಿಯಾರೆ ಕೇಳಿದ್ದಳು. ಗಾಬರಿಯಲ್ಲಿ ಬಾಯಿಗೆ ಬಂದ ಹೆಸರು ಹೇಳಿದಳೇ? ಅಥವಾ ಅಪ್ಪ ಹೇಳಿಸಿದ ಸುಳ್ಳಿನೊಳಗೆ, ಸುಲಭವಾಗಿ ಮುರಿಯುವ ಇನ್ನೊಂದು ಸುಳ್ಳನ್ನು ತಾನೇ ಸೇರಿಸಿದಳೇ? ಆ ಕಣ್ಣುಗಳಿಂದ ಏನೂ ತಿಳಿಯಲಿಲ್ಲ. ಚೀಟಿಯಲ್ಲಿ ಒಂದಕ್ಷರ ಬರೆಯದೆ ಹೇಳಬೇಕಾದದ್ದನ್ನು ಹೇಳಿದ ಮಗು ಅದು.

ಆ ಹುಡುಗಿಗೆ ಗೊತ್ತಿಲ್ಲದ್ದು ಒಂದೇ. ಕಾಗದದ ಮೇಲೆ ಅಂಜನ್ ಬಂದಿದ್ದ. ಹಾಜರಿ ಪುಸ್ತಕ ಹಾಗೆ ಹೇಳುತ್ತಿತ್ತು, ಅಡುಗೆಯ ಪುಸ್ತಕ ಹಾಗೆ ಹೇಳುತ್ತಿತ್ತು, ತಾಲ್ಲೂಕಿಗೆ ಹೋದ ವರದಿಯೂ ಹಾಗೆಯೇ ಹೇಳುತ್ತಿತ್ತು. ಸುಲಭವಾಗಿ ಮುರಿಯಬೇಕಿದ್ದ ಸುಳ್ಳಿಗೆ ಸರ್ಕಾರದ ಮೂರು ದಾಖಲೆಗಳ ಆಸರೆ ಇತ್ತು. ನಾಳೆಗೆ ಒಂದರ ಬದಲು ಎರಡು ಮಕ್ಕಳ ಕಡತವಾಗುತ್ತದೆ.

ಗಂಗಣ್ಣನಿಗೆ ಏನೂ ಅನ್ನಿಸಲಿಲ್ಲ. ಅವನು ನಂಬಿದ್ದು ಪುಸ್ತಕವನ್ನು.

“ನೋಡಿದ್ರಾ? ನಾನೂ ಅಂದ್ಕೊಂಡಿರ್ಲಿಲ್ಲ, ಆ ಹುಡ್ಗನೂ ಇದಾನೆ ಅಂತ.” ಮಗಳ ತಲೆಯ ಮೇಲೆ ಕೈಯಿಟ್ಟ. “ಜಾಣೆ. ಮೇಷ್ಟ್ರೇ, ಆ ಅಂಜನ್‌ನ ಕರೆಸಿ. ಬ್ಯಾಗ್ ಸಮೇತ ಬರ್ಲಿ.”

ನಂದೀಶ್ ಅಲುಗಲಿಲ್ಲ. ಅವನ ಮೇಲ್ತುಟಿಯಲ್ಲಿ ಬೆವರು ಕಾಣಿಸಿತು.

ಈ ಮನುಷ್ಯ ಸತ್ಯ ಹೇಳಲಿ ಎಂದು ಭಾನುಪ್ರಿಯಾ ನಿನ್ನೆಯಿಂದ ಕಾದಿದ್ದಳು. ಕೇಳಿದಾಗಲೆಲ್ಲ ಫ್ಯಾನು ನೋಡಿದ್ದ, ಗೋಡೆ ನೋಡಿದ್ದ, ಅಧ್ಯಕ್ಷರ ಮುಖ ನೋಡಿದ್ದ. ಈಗ ಅವನು ಎಲ್ಲೂ ನೋಡುತ್ತಿರಲಿಲ್ಲ. ಹೇಳಲು ಹೊರಟವರ ಮುಖ ಹೇಗಿರುತ್ತದೆಂದು ಅವಳಿಗೆ ಗೊತ್ತಿತ್ತು. ಈಗ, ಈ ಹುಡುಗಿ ಇಲ್ಲಿ ನಿಂತಿರುವಾಗ, ಅವನು ಬಾಯಿ ಬಿಡಬಾರದು.

“ನಂದೀಶ್ ಅವರೇ, ಒಂದು ಲೋಟ ನೀರು ತರ್ತೀರಾ? ನೀವೇ ತನ್ನಿ.”

“ಇಲ್ಲ ಮೇಡಂ. ಒಂದ್ನಿಮಿಷ.” ಅವನು ಗಂಗಣ್ಣನ ಕಡೆ ತಿರುಗಿದ. “ಅಧ್ಯಕ್ಷರೇ, ನನ್ನಿಂದಾಗಲ್ಲ. ಒಂದು ಮಗು ಆಯ್ತು. ಇನ್ನೊಂದು ಬೇಡ.”

“ಏನ್ ಬೇಡ?”

“ನಂದೀಶ್ ಅವರೇ, ನಾವು ಆಮೇಲೆ ಮಾತಾಡೋಣ,” ಎಂದಳು ಭಾನುಪ್ರಿಯಾ.

“ಆಮೇಲೆ ಆದ್ರೆ ನಂಗೆ ಧೈರ್ಯ ಇರಲ್ಲ ಮೇಡಂ.” ಅವನು ಮೇಜಿನ ಅಂಚನ್ನು ಹಿಡಿದುಕೊಂಡ. “ಅಂಜನ್ ಸೋಮವಾರ ಬಂದೇ ಇರ್ಲಿಲ್ಲ. ಘಾಟಿಗೆ ಹೋಗಿದ್ದ. ಹಾಜರಿ ಹಾಕು ಅಂತ ವಿಜಯ್‌ಗೆ ಹೇಳಿದ್ದು ನಾನೇ. ಆ ಹುಡ್ಗ ಚೀಟಿನೂ ಕೊಟ್ಟಿಲ್ಲ, ಮಾತ್ರೆನೂ ಕೊಟ್ಟಿಲ್ಲ. ಅವನು ಊರಲ್ಲೇ ಇರ್ಲಿಲ್ಲ.”

ಭಾನುಪ್ರಿಯಾಳಿಗೆ ಬೇಕಿದ್ದ ಉತ್ತರ ಇದೇ ಆಗಿತ್ತು. ಲೆಕ್ಕ ತಪ್ಪಿದವನು ನಂದೀಶ್ ಅಲ್ಲ. ಉಳಿದವನು ಒಬ್ಬನೇ.

ಗಂಗಣ್ಣನ ಕೈ ಮಗಳ ತಲೆಯಿಂದ ಕೆಳಗಿಳಿಯಿತು. ಅವನಿಗೆ ಕೋಪ ಬಂದಂತಿರಲಿಲ್ಲ. ಮಗ್ಗದಲ್ಲಿ ನೂಲು ಎಲ್ಲಿ ತಪ್ಪಿತೆಂದು ಹುಡುಕುವವನ ಹಾಗೆ ಹುಬ್ಬು ಗಂಟಿಕ್ಕಿದ್ದ.

“ಚೀಟಿನೂ ಕೊಟ್ಟಿಲ್ಲ,” ಎಂದು ತನಗೆ ತಾನೇ ಹೇಳಿಕೊಂಡ.

ನಂತರ ಹಾಜರಿ ಪುಸ್ತಕವನ್ನು ತನ್ನ ಕಡೆಗೆ ಎಳೆದುಕೊಂಡ.

“ಅದು ಠಾಣೆಗೆ ತಗೊಂಡಿರೋ ದಾಖಲೆ,” ಎಂದಳು ಭಾನುಪ್ರಿಯಾ. “ಮುಟ್ಟಬೇಡಿ.”

ಅವನಿಗೆ ಕೇಳಿಸಲಿಲ್ಲ, ಅಥವಾ ಕೇಳಿಸಿದರೂ ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲ. ಪುಟ ತೆರೆದು ಮೊದಲ ಹೆಸರಿನ ಮೇಲೆ ಬೆರಳಿಟ್ಟ. ತುಟಿ ಸಣ್ಣಗೆ ಅಲುಗುತ್ತಿತ್ತು. ಆರು, ಏಳು, ಎಂಟು. ಒಂಬತ್ತರ ಮೇಲೆ ನಿಲ್ಲದೆ ಬೆರಳು ದಾಟಿತು.

ಭಾನುಪ್ರಿಯಾ ಯೋಚಿಸಲಿಲ್ಲ. ಎದ್ದಳು. ಮೇಜನ್ನು ಸುತ್ತಿಕೊಂಡು ಬಂದು ಅಪ್ಪನಿಗೂ ಮಗಳಿಗೂ ನಡುವೆ ನಿಂತು, ಒಂದು ಕೈ ಹಿಂದಕ್ಕೆ ಚಾಚಿ ಜ್ಯೋತಿಲಕ್ಷ್ಮಿಯ ಮುಂಗೈ ಹಿಡಿದಳು. ಆ ಕೈ ತಣ್ಣಗಿತ್ತು.

ನಿಂತ ಮೇಲೆ ತಾನೇನು ಮಾಡಿದೆನೆಂದು ಅವಳಿಗೆ ಗೊತ್ತಾಯಿತು.

ಗಂಗಣ್ಣನ ಬೆರಳು ಹದಿನಾರನೆಯ ಹೆಸರಿನ ಮೇಲೆ ನಿಂತಿತ್ತು. ಇನ್ನು ಎಣಿಸುವ ಅಗತ್ಯ ಅವನಿಗೆ ಉಳಿದಿರಲಿಲ್ಲ. ನಿಧಾನವಾಗಿ ತಲೆಯೆತ್ತಿ, ಭಾನುಪ್ರಿಯಾಳ ಭುಜದ ಆಚೆಗೆ ಮಗಳನ್ನು ನೋಡಿದ.